ವಿಜಯಪುರದ ತೋಪಿನ ಸುತ್ತು: ಕುದುರೆಗೆ ಐದು ಸ್ಟಾರ್, ಕಥೆಗೆ ಎರಡು

ಮೊದಲು ದುಡ್ಡಿನ ಮಾತು ಮುಗಿಸಿಬಿಡುತ್ತೇನೆ. ಅರ್ಧ ದಿನದ ಟಾಂಗಾ ಸುತ್ತು, ಜೊತೆಗೊಬ್ಬ ಗೈಡ್ ಹುಡುಗ, ಒಟ್ಟು 1,400 ರೂಪಾಯಿ. ಲಾಡ್ಜಿನ ಕೌಂಟರಿನಲ್ಲೇ ಗೊತ್ತು ಮಾಡಿಕೊಟ್ಟರು. ಮುಂಗಡ 500, ಉಳಿದದ್ದು ಕೊನೆಗೆ. ಬೆಳಗ್ಗೆ ಏಳೂವರೆಗೆ ಬರುತ್ತೇವೆ ಅಂದವರು ಏಳೂ ಇಪ್ಪತ್ತಕ್ಕೇ ಬಂದು ನಿಂತಿದ್ದರು. ಕುದುರೆ ಮೈ ತುಂಬಿಕೊಂಡಿತ್ತು, ಕಾಲಿಗೆ ಗಾಯ ಇರಲಿಲ್ಲ. ಟಾಂಗಾದಜ್ಜ ಎಲ್ಲೂ ಚಾಟಿ ಎತ್ತಲಿಲ್ಲ. ನನ್ನ ಹೆಂಡತಿ ಇದನ್ನೇ ಮೊದಲು ನೋಡುವುದು. ಹಾಗಾಗಿ ಸವಾರಿಗೆ ನಮ್ಮ ಮನೆಯಿಂದ ಐದಕ್ಕೆ ಐದು.

ತಕರಾರು ಇರುವುದು ಗೈಡ್ ಹೇಳಿದ ಕಥೆಗಳ ಬಗ್ಗೆ. ಅದಕ್ಕೆ ಮುಂಚೆ ನಾನು ಯಾರು ಅಂತ ಹೇಳಬೇಕು, ಇಲ್ಲದಿದ್ದರೆ ಸುಮ್ನೆ ತಪ್ಪು ಹುಡುಕುವ ಮುದುಕ ಅಂದುಕೊಳ್ಳುತ್ತೀರಿ. ಬೆಳಗಾವಿಯ ಉದ್ಯಮಬಾಗದಲ್ಲಿ 34 ವರ್ಷ ಫೌಂಡ್ರಿ ಕೆಲಸ ಮಾಡಿದವನು ನಾನು. ಮೋಲ್ಡಿಂಗ್ ಶಾಪಿನಲ್ಲಿ ಮರಳು ಬಡಿಯುವುದರಿಂದ ಶುರು ಮಾಡಿ ಫೋರ್‌ಮನ್ ಆಗಿ ನಿವೃತ್ತಿಯಾದೆ. ಎರಕ ಹೊಯ್ದ ವಸ್ತು ಕಂಡರೆ ನನ್ನ ಕೈ ಸುಮ್ಮನಿರುವುದಿಲ್ಲ. ಕೀಲಿಕೈ ಗೊಂಚಲಿನಲ್ಲಿ ಈಗಲೂ ಸಣ್ಣದೊಂದು ಆಯಸ್ಕಾಂತ ಇದೆ. ಸ್ಕ್ರ್ಯಾಪ್ ಬಂದಾಗ ಕಬ್ಬಿಣ ಯಾವುದು, ತಾಮ್ರ ತವರದ ಗನ್‌ಮೆಟಲ್ ಯಾವುದು ಅಂತ ನೋಡಲು ಇಟ್ಟುಕೊಂಡದ್ದು.

ಗೋಲಗುಮ್ಮಟ ಬೇಗ ಮುಗಿಸಿದೆವು. ಪಿಸುಗುಟ್ಟುವ ಗ್ಯಾಲರಿಯಲ್ಲಿ ಶಾಲೆ ಮಕ್ಕಳ ಕಿರುಚಾಟವೇ ಕೇಳಿಸಿತು. ಅದರ ಬಗ್ಗೆ ಬೇರೆಯವರು ಸಾಕಷ್ಟು ಬರೆದಿದ್ದಾರೆ, ಬಿಡಿ. ನಾನು ಬಂದದ್ದು ತೋಪು, ಅಂದರೆ ಫಿರಂಗಿ ನೋಡಲು.

ಊರಿನ ಪಶ್ಚಿಮದ ಕೋಟೆಗೋಡೆಯಲ್ಲಿ ಶೇರ್ಜಾ ಬುರುಜು. ಮೆಟ್ಟಿಲು ಹತ್ತಿ ಮೇಲೆ ಹೋದರೆ ಮಲಿಕ್-ಎ-ಮೈದಾನ್. ಅಂದರೆ ಮೈದಾನದ ಒಡೆಯ. ಚಿತ್ರದಲ್ಲಿ ಎಷ್ಟು ನೋಡಿದ್ದರೂ ಎದುರು ನಿಂತಾಗ ಬೇರೆಯೇ. ಉದ್ದ ಹದಿನಾಲ್ಕು ಅಡಿ ಚಿಲ್ಲರೆ ಅಷ್ಟೇ, ಒಂದು ಮಾರುತಿ ವ್ಯಾನಿಗಿಂತ ಸುಮಾರು ಮೂರಡಿ ಜಾಸ್ತಿ. ಆದರೆ ದಪ್ಪ ನೋಡಬೇಕು. ಹೊರಗಿನ ಅಡ್ಡಳತೆ ಸುಮಾರು ಐದು ಅಡಿ, ಒಳಗಿನ ಬಾಯಿ ಎರಡಡಿ ನಾಲ್ಕಿಂಚು. ಲೆಕ್ಕ ಹಾಕಿ ನೋಡಿ, ಸುತ್ತಲೂ ಲೋಹದ ದಪ್ಪವೇ ಹದಿನೈದು-ಹದಿನಾರು ಇಂಚು. ತೂಕ 55 ಟನ್ ಅನ್ನುತ್ತಾರೆ. ಬಾಯಿಗೆ ಸಿಂಹದ ಮುಖ, ತೆರೆದ ದವಡೆ, ಆ ಹಲ್ಲುಗಳ ನಡುವೆ ಸಿಕ್ಕಿಬಿದ್ದ ಪುಟ್ಟ ಆನೆ. ಮೈ ಎಲ್ಲಾ ಕಪ್ಪು ಹಸಿರು, ನುಣುಪು ಅಂದರೆ ನುಣುಪು.

ನಾನು ಬಗ್ಗಿ ಹೊಟ್ಟೆಯ ಕೆಳಗಿನಿಂದ ನೋಡಲು ಶುರು ಮಾಡಿದೆ. ನಮ್ಮ ಕೆಲಸದಲ್ಲಿ ಬ್ಲೋಹೋಲ್ ಅಂತ ಒಂದು ಪಿಡುಗು ಇದೆ. ಹೊಯ್ಯುವಾಗ ಗಾಳಿ ಸಿಕ್ಕಿಕೊಂಡರೆ ಎರಕದಲ್ಲಿ ತೂತು ಬೀಳುತ್ತದೆ. ನಾವು 40 ಕಿಲೋ ಪಂಪ್ ಬಾಡಿ ಹೊಯ್ದರೂ ಹತ್ತರಲ್ಲಿ ಒಂದಾದರೂ ಹಾಗೆ ಕೆಟ್ಟು ಬರುತ್ತಿತ್ತು. ಇಲ್ಲಿ ಕಣ್ಣಿಗೆ ಕಾಣುವ ಮೈ ಮೇಲೆ ದೊಡ್ಡ ಬ್ಲೋಹೋಲ್ ಒಂದೂ ನನಗೆ ಸಿಗಲಿಲ್ಲ. 55 ಟನ್ ಒಂದು ಕುಲುಮೆಯಿಂದ ಆಗುವ ಮಾತಲ್ಲ. ಸುತ್ತಲೂ ಕುಲುಮೆ ಇಟ್ಟು, ಎಲ್ಲದರಲ್ಲೂ ಒಂದೇ ಹೊತ್ತಿಗೆ ಲೋಹ ಕುದಿಸಿ, ನಡುವೆ ನಿಲ್ಲಿಸದೆ ಅಚ್ಚಿಗೆ ಬಿಡಬೇಕು. ಒಂದು ಕುಲುಮೆ ತಡವಾದರೆ ಮುಗಿಯಿತು, ಅಲ್ಲೇ ಪದರ ಬಿಡುತ್ತದೆ. ನಡುವಿನ ಟೊಳ್ಳಿಗೆಂದು ಅಚ್ಚಿನಲ್ಲಿ ನಿಲ್ಲಿಸುವ ಕೋರ್ ಒಂದಿಂಚು ಸರಿದರೂ ಒಂದು ಕಡೆ ಗೋಡೆ ತೆಳುವಾಗಿ, ಹಾರಿಸಿದ ದಿನ ಸಾಯುವವರು ನಮ್ಮವರೇ. ಇದನ್ನು ಮಾಡಿದವನ ಹೆಸರು ತೋಪಿನ ಮೇಲೇ ಇದೆ: ಮಹಮ್ಮದ್ ಬಿನ್ ಹಸನ್ ರೂಮಿ. ಜಾಗ ಅಹ್ಮದ್‌ನಗರ, ಕಾಲ ಹಿಜರಿ 956, ಅಂದರೆ 1549. ಮಾಡಿಸಿದವನು ಅಲ್ಲಿನ ಸುಲ್ತಾನ ಬುರ್ಹಾನ್ ನಿಜಾಮ್ ಷಾ. ರೂಮಿ ಅಂದರೆ ತುರ್ಕರ ನಾಡಿನವನು. ಫೋರ್‌ಮನ್‌ನ ಹೆಸರು ಮಾಲಿನ ಮೇಲೆ ಕೆತ್ತುವ ಪದ್ಧತಿ ನಮ್ಮ ಕಾಲಕ್ಕೆ ಎಲ್ಲಿತ್ತು? ಅಲ್ಲಿ ನಿಂತಾಗ ನನಗೆ ಸ್ವಲ್ಪ ಹೊಟ್ಟೆಕಿಚ್ಚೇ ಆಯಿತು.

ಅಷ್ಟರಲ್ಲಿ ಗೈಡ್ ಹುಡುಗ ಶುರು ಮಾಡಿದ. "ಸರ್ರ, ಇದು ಪಂಚಲೋಹದ್ದು ನೋಡ್ರಿ. ಎಷ್ಟ ಬಿಸಲ ಬಿದ್ದರೂ ಕಾಯಂಗಿಲ್ಲ, ಯಾವಾಗಲೂ ತಣ್ಣಗ ಇರತೈತಿ."

ಪಂಚಲೋಹ ಅಲ್ಲ. ಇದರ ಲೋಹವನ್ನು ಹಿಂದೆಯೇ ಪರೀಕ್ಷೆ ಮಾಡಿದ್ದಾರೆ. ತಾಮ್ರ ನಾಲ್ಕು ಪಾಲು, ತವರ ಒಂದು ಪಾಲು, ಹೆಚ್ಚುಕಡಿಮೆ ಅಷ್ಟೇ. ಇದು ಗಂಟೆ ಮಾಡುವ ಕಂಚು. ಅದಕ್ಕೇ ತಟ್ಟಿದರೆ ಗಂಟೆಯ ಹಾಗೆ ದನಿ ಬರುತ್ತದೆ. ನಾನು ಬೆರಳ ಗೆಣ್ಣಿನಿಂದ ತಟ್ಟಿದೆ, ಕಿವಿ ಇಟ್ಟು ಕೇಳಿದೆ, ಸಣ್ಣಗೆ ಗುಂಯ್ ಅಂದಿತು. ಯುರೋಪಿನಲ್ಲೂ ಮೊದಮೊದಲು ಚರ್ಚಿನ ಗಂಟೆ ಹೊಯ್ಯುವವರೇ ತೋಪನ್ನೂ ಹೊಯ್ಯುತ್ತಿದ್ದರು. ಎರಡಕ್ಕೂ ಬೇಕಾದ ಕೈಚಳಕ ಒಂದೇ. ಆದರೆ ತವರ ಇಷ್ಟು ಜಾಸ್ತಿ ಹಾಕಿದರೆ ಲೋಹ ಗಟ್ಟಿಯಾಗುತ್ತದೆ, ಜೊತೆಗೆ ಪೆಡಸೂ ಆಗುತ್ತದೆ. ತೋಪಿಗೆ ಸಾಮಾನ್ಯವಾಗಿ ಹತ್ತರಲ್ಲೊಂದು ಪಾಲು ತವರ ಸಾಕು. ಬಹುಶಃ ಅದಕ್ಕೇ ಗೋಡೆಯನ್ನು ಇಷ್ಟು ದಪ್ಪ ಬಿಟ್ಟಿದ್ದಾನೆ. ಇದು ನನ್ನ ಊಹೆ.

ಇನ್ನು ಕಾಯುವುದಿಲ್ಲ ಅನ್ನುವ ಮಾತು. ಹುಡುಗನ ಕೈ ಹಿಡಿದು ಪೂರ್ವದ ಮೈ ಮೇಲೆ ಇಟ್ಟೆ: ಬೆಚ್ಚಗಿತ್ತು. ಅದೇ ಕೈಯನ್ನು ಹೊಟ್ಟೆಯ ಕೆಳಗೆ ಇಟ್ಟೆ: ತಣ್ಣಗಿತ್ತು. ಅಷ್ಟು ದಪ್ಪದ ಲೋಹ ರಾತ್ರಿಯ ತಂಪು ಬಿಟ್ಟುಕೊಡಲು ಹೊತ್ತು ಬೇಕಪ್ಪಾ. ಪ್ರವಾಸಿಗಳು ಬೆಳಗ್ಗೆಯೇ ಬಂದು ಮುಟ್ಟಿ ಹೋಗುತ್ತಾರೆ, ಕಥೆ ಬೆಳೆಯುತ್ತದೆ. ಹುಡುಗ "ಹೌದಲ್ರೀ ಕಾಕಾರ" ಅಂದ. ಅಲ್ಲಿಂದ ನಾನು ಸರ್ ಹೋಗಿ ಕಾಕಾ ಆದೆ.

ತೋಪಿನ ಪಕ್ಕದ ನೀರಿನ ತೊಟ್ಟಿಯ ಕಥೆಯನ್ನು ಚೆನ್ನಾಗಿ ಹೇಳಿದ, ನಟನೆ ಸಮೇತ. ಬತ್ತಿ ಹಚ್ಚಿದವನು ಓಡಿ ಹೋಗಿ ನೀರಿನಲ್ಲಿ ಮುಳುಗುತ್ತಿದ್ದನಂತೆ, ಇಲ್ಲದಿದ್ದರೆ ಕಿವಿ ಒಡೆದೇ ಹೋಗುತ್ತಿತ್ತಂತೆ. ಇದನ್ನು ನಂಬಿದರೂ ನಷ್ಟವಿಲ್ಲ. 1632ರಲ್ಲಿ ಆದಿಲ್ ಷಾಹಿ ಸರದಾರ ಮುರಾರಿ ಪಂಡಿತ ಇದನ್ನು ಪರಾಂಡಾ ಕೋಟೆಯಿಂದ ಇಲ್ಲಿಗೆ ಎಳೆಸಿ ತಂದದ್ದನ್ನೂ ಸರಿಯಾಗಿ ಹೇಳಿದ. ಆದರೆ 1854ರ ಹರಾಜಿನ ಕಥೆಯನ್ನೇ ಬಿಟ್ಟುಬಿಟ್ಟ, ನನಗೆ ಅದೇ ಬೇಕಿತ್ತು. ಬ್ರಿಟಿಷರು ಹಳೆ ಸಾಮಾನು ಅಂತ ಇದನ್ನು ಹರಾಜಿಗೆ ಇಟ್ಟರು. ಬಂದ ಬೆಲೆ 150 ರೂಪಾಯಿ. ಜನ ಇದಕ್ಕೆ ಪೂಜೆ ಮಾಡುತ್ತಾರೆ, ಮಾರುವುದು ಬೇಡ ಅಂತ ಸ್ಥಳೀಯ ಅಧಿಕಾರಿ ಬರೆದ ಮೇಲೆ ರದ್ದಾಯಿತು. ಇವತ್ತು ಕಂಚಿನ ಸ್ಕ್ರ್ಯಾಪನ್ನು ಕಿಲೋಗೆ 500 ರೂಪಾಯಿ ಹಿಡಿದರೂ ಎರಡೂಮುಕ್ಕಾಲು ಕೋಟಿ. ಈ ಲೆಕ್ಕ ಹೇಳಿದ್ದಕ್ಕೆ ಪಕ್ಕದಲ್ಲಿ ನಿಂತಿದ್ದ ಕಾವಲುಗಾರ ನನ್ನನ್ನು ಅನುಮಾನದಿಂದಲೇ ನೋಡಿದ.

ಇಲ್ಲಿ ನಾನೊಂದು ಪರೀಕ್ಷೆ ಇಟ್ಟೆ. "ತಮ್ಮಾ, ತೋಪು ಮೊದಲು ಎಲ್ಲಿ ಹುಟ್ಟಿತು?" ಅಂದೆ. "ಟರ್ಕಿ ಒಳಗ್ರಿ. ತೋಪು ಅನ್ನೂದ ಅವರ ಮಾತ್ರಿ."

ಅರ್ಧ ಅಂಕ ಕೊಟ್ಟೆ. ತೋಪು ಅನ್ನುವ ಮಾತು ತುರ್ಕರದ್ದು, ನಿಜ. ಫಿರಂಗಿ ಅನ್ನುವುದು ಫರಂಗಿಗಳಿಂದ, ಅಂದರೆ ಯುರೋಪಿನವರಿಂದ ಬಂದದ್ದು. ಎರಡು ಹೆಸರುಗಳಲ್ಲೇ ನಮ್ಮ ಕಡೆಗೆ ಅದು ಬಂದ ಎರಡು ದಾರಿ ಕಾಣುತ್ತದೆ. ಆದರೆ ವಸ್ತು ಹುಟ್ಟಿದ್ದು ಚೀನಾದಲ್ಲಿ. ಪೆಟ್ಲುಪ್ಪು, ಗಂಧಕ, ಇದ್ದಿಲು ಸೇರಿಸುವ ಪಾಕವನ್ನು ಅವರು 1044ರ ಸೈನ್ಯದ ಪುಸ್ತಕದಲ್ಲೇ ಬರೆದಿಟ್ಟಿದ್ದಾರೆ. ಮೊದಲು ಅದನ್ನು ಬಿದಿರಿನ ಕೊಳವೆಯಲ್ಲಿ ತುಂಬಿ ಈಟಿಯ ತುದಿಗೆ ಕಟ್ಟಿದರು. 1132ರಲ್ಲಿ ದೆಆನ್ ಅನ್ನುವ ಊರಿಗೆ ಮುತ್ತಿಗೆ ಬಿದ್ದಾಗ ಒಳಗಿದ್ದವರು ಇಂಥ ಬೆಂಕಿ ಈಟಿ ಹಿಡಿದು ಹೊರಬಿದ್ದರು. ದೀಪಾವಳಿಯ ಹೂಕುಂಡವನ್ನು ಅಡ್ಡ ಹಿಡಿದು ಎದುರಿನವನ ಮುಖಕ್ಕೆ ತೋರಿಸಿದ ಹಾಗೆ, ಅಷ್ಟೇ. ಆಮೇಲೆ ಬೆಂಕಿಯ ಜೊತೆ ಕಲ್ಲು, ಚೂರು ಹಾಕಿದರು. ಬಿದಿರು ಸೀಳಿತು. ಲೋಹದ ಕೊಳವೆ ಬಂತು. ಉತ್ತರ ಚೀನಾದ ಹೇಯ್‌ಲಾಂಗ್‌ಜಿಯಾಂಗ್‌ನಲ್ಲಿ ಸಿಕ್ಕ ಕಂಚಿನ ಕೈತೋಪು 1288ರ ಸುಮಾರಿನದು. ಉದ್ದ 34 ಸೆಂಟಿಮೀಟರ್, ತೂಕ ಮೂರೂವರೆ ಕಿಲೋ. ದೊಡ್ಡ ಟಾರ್ಚಿನಷ್ಟು. ಮದ್ದು ಕೂರುವ ಕಡೆ ಮಾತ್ರ ಹೊಟ್ಟೆ ಉಬ್ಬಿದೆ, ಯಾಕೆಂದರೆ ಒತ್ತಡ ಬೀಳುವುದು ಅಲ್ಲೇ. ಆ ಹೊಟ್ಟೆ ಉಬ್ಬಿಸಿದವನಿಗೆ ನಮ್ಮ ಕೆಲಸ ಗೊತ್ತಿತ್ತು.

ಆ ಟಾರ್ಚು 55 ಟನ್ ಆಗಲು ಇನ್ನೂರ ಅರವತ್ತು ವರ್ಷ ಹಿಡಿಯಿತು. ನಡುವಿನದನ್ನು ಟಾಂಗಾದಲ್ಲಿ ಕೂತು ಹುಡುಗನಿಗೆ ನಾನೇ ಹೇಳಿದೆ, ಅಂದರೆ 1,400 ಕೊಟ್ಟವನೇ ಗೈಡ್ ಆದ. ಯುರೋಪಿನಲ್ಲಿ ತೋಪಿನ ಹಳೆಯ ಚಿತ್ರ ಇರುವುದು 1326ರ ಇಂಗ್ಲಿಷ್ ಹಸ್ತಪ್ರತಿಯಲ್ಲಿ. ಅದು ತೋಪಿಗಿಂತ ಹೂದಾನಿಯ ಹಾಗೆ ಕಾಣುತ್ತದೆ, ಬಾಯಿಂದ ಬರುವುದೂ ಗುಂಡಲ್ಲ, ಬಾಣ. 1346ರ ಕ್ರೆಸಿ ಯುದ್ಧದಲ್ಲಿ ಇಂಗ್ಲಿಷರ ಹತ್ತಿರ ಕೆಲವು ತೋಪು ಇದ್ದವು. ಕೊಂದದ್ದಕ್ಕಿಂತ ಹೆದರಿಸಿದ್ದೇ ಜಾಸ್ತಿ. ದೊಡ್ಡ ತೋಪು ಏನು ಮಾಡಬಲ್ಲದು ಅಂತ ಲೋಕಕ್ಕೆ ಗೊತ್ತಾದದ್ದು 1453ರಲ್ಲಿ, ಕಾನ್‌ಸ್ಟಾಂಟಿನೋಪಲ್‌ನಲ್ಲಿ, ಅಂದರೆ ಇಂದಿನ ಇಸ್ತಾಂಬುಲ್‌ನಲ್ಲಿ. ಓರ್ಬಾನ್ ಅನ್ನುವ ಹಂಗೇರಿಯ ಎರಕದವನು ಮೊದಲು ಹೋದದ್ದು ಆ ಊರಿನ ಚಕ್ರವರ್ತಿಯ ಹತ್ತಿರವೇ. ಅಲ್ಲಿ ಸಂಬಳ ಸರಿಯಾಗಿ ಬರಲಿಲ್ಲ. ಸೀದಾ ಎದುರಾಳಿ ತುರ್ಕರ ಸುಲ್ತಾನ ಎರಡನೇ ಮೆಹಮದನ ಹತ್ತಿರ ಹೋದ. ಅವನು ಹೊಯ್ದ ತೋಪನ್ನು ಎಡಿರ್ನೆಯಿಂದ ಎಳೆಯಲು 60 ಎತ್ತು ಬೇಕಾದವಂತೆ. ದಿನಕ್ಕೆ ಏಳು ಸಲ ಹಾರಿಸಿದರೆ ಹೆಚ್ಚು. ಆದರೂ ಸಾವಿರ ವರ್ಷ ನಿಂತ ಗೋಡೆ ಬಿರುಕು ಬಿಟ್ಟಿತು. ಕೆಲಸಗಾರನ ಪಗಾರ ಬಾಕಿ ಇಡುವ ಮಾಲೀಕರೆಲ್ಲ ಈ ಕಥೆ ಓದಬೇಕು.

ಅಲ್ಲಿಂದ ಹತ್ತಿರದಲ್ಲೇ ಉಪ್ಪಲಿ ಬುರುಜು. ಹೈದರ್ ಖಾನ್ ಕಟ್ಟಿಸಿದ್ದು, ಅದಕ್ಕೇ ಹೈದರ್ ಬುರುಜು ಅಂತಲೂ ಹೆಸರು. ಎತ್ತರ ಸುಮಾರು 80 ಅಡಿ. ಮೆಟ್ಟಿಲು ಗೋಪುರದ ಹೊರಮೈಗೆ ಸುತ್ತಿಕೊಂಡು ಮೇಲೆ ಹೋಗುತ್ತದೆ. ಮಂಡಿ ನೋವಿರುವವರು ಕೆಳಗೇ ಕೂರುವುದು ಒಳ್ಳೆಯದು. ನನ್ನ ಹೆಂಡತಿ ಟಾಂಗಾದಜ್ಜನ ಜೊತೆ ಕುದುರೆಗೆ ಹುಲ್ಲು ತಿನ್ನಿಸುತ್ತಾ ಉಳಿದಳು.

ಇಲ್ಲಿ ಹೆಚ್ಚಿನ ಗೈಡುಗಳ ಹಾಗೇ ನಮ್ಮ ಹುಡುಗ ಕೂಡ ಐದು ನಿಮಿಷದಲ್ಲಿ ಮುಗಿಸಿದ. "ಉದ್ದ ತೋಪ್ರಿ, 30 ಫೂಟ್ ಐತ್ರಿ, ಫೋಟೋ ಹೊಡಕೋರಿ." ಅಷ್ಟೇ! ನನಗೆ ತಡೆಯಲಾಗಲಿಲ್ಲ. ಈ ಸುತ್ತಿನಲ್ಲಿ ನಿಜವಾಗಿ ನಿಂತು ನೋಡಬೇಕಾದ ಜಾಗ ಇದು. ಮಲಿಕ್-ಎ-ಮೈದಾನ್ ಮತ್ತು ಇದು, ಎರಡೂ ತೋಪೇ. ಆದರೆ ಹುಟ್ಟಿದ ರೀತಿ ಪೂರಾ ಬೇರೆ.

ಕೀಲಿಕೈ ಗೊಂಚಲು ತೆಗೆದು ಆಯಸ್ಕಾಂತ ಇಟ್ಟೆ. ಟಕ್ ಅಂತ ಅಂಟಿತು. ಮೊದಲು ನೋಡಿದ ಕಂಚಿನ ತೋಪಿಗೆ ಅಂಟಿರಲಿಲ್ಲ. ಇದು ಕಬ್ಬಿಣ, ಅದೂ ಎರಕದ್ದಲ್ಲ, ಬಡಿದು ಕಟ್ಟಿದ್ದು. ಹತ್ತಿರ ಹೋಗಿ ನೋಡಿದರೆ ಮೈಯುದ್ದಕ್ಕೂ ಬಳೆ ಪಕ್ಕ ಬಳೆ ಕಾಣುತ್ತದೆ. ಆ ಬಳೆಗಳ ಕೆಳಗೆ ಉದ್ದುದ್ದ ಕಬ್ಬಿಣದ ಪಟ್ಟಿಗಳಿವೆ, ಒಂದರ ಪಕ್ಕ ಒಂದು, ಪೀಪಾಯಿಯ ಹಲಗೆಗಳ ಹಾಗೆ. ಪಟ್ಟಿಗಳನ್ನು ದುಂಡಗೆ ಜೋಡಿಸಿ, ಬಳೆಯನ್ನು ಕೆಂಪಗೆ ಕಾಯಿಸಿ ಏರಿಸುತ್ತಾರೆ. ಆರಿದಾಗ ಬಳೆ ಕುಗ್ಗಿ ಬಿಗಿಯುತ್ತದೆ. ಹಳ್ಳಿಯಲ್ಲಿ ಬಂಡಿ ಗಾಲಿಗೆ ಕಬ್ಬಿಣದ ಹಳಿ ಏರಿಸುವುದನ್ನು ನೋಡಿದವರಿಗೆ ಹೆಚ್ಚು ಹೇಳಬೇಕಿಲ್ಲ. ಅದೇ ಕೆಲಸ, 30 ಅಡಿ ಉದ್ದಕ್ಕೆ. ಇಂಗ್ಲಿಷಿನಲ್ಲಿ ಬಂದೂಕಿನ ನಳಿಗೆಗೆ ಇವತ್ತಿಗೂ ಬ್ಯಾರಲ್ ಅನ್ನುತ್ತಾರಲ್ವಾ, ಪೀಪಾಯಿಗೂ ಅದೇ ಮಾತು.

ಯಾಕೆ ಈ ತೊಂದರೆ, ಕಬ್ಬಿಣವನ್ನೂ ಕರಗಿಸಿ ಹೊಯ್ಯಬಾರದಿತ್ತೇ ಅಂತ ಹುಡುಗ ಕೇಳಿದ. ಒಳ್ಳೆ ಪ್ರಶ್ನೆ. ತವರ ಬೆರೆಸಿದ ಕಂಚು ಸಾವಿರ ಡಿಗ್ರಿಯೊಳಗೇ ಕರಗಿ ನೀರಾಗುತ್ತದೆ. ಶುದ್ಧ ಕಬ್ಬಿಣಕ್ಕೆ ಸಾವಿರದೈನೂರು ದಾಟಬೇಕು. ಇದ್ದಿಲಿನ ಕುಲುಮೆ, ಚರ್ಮದ ತಿದಿ ಇಟ್ಟುಕೊಂಡು ಅಷ್ಟು ಕಾವು ಬರಿಸುವುದು ಸುಲಭವಲ್ಲ. ಬೀಡು ಕಬ್ಬಿಣ ಬೇಗ ಕರಗುತ್ತದೆ, ಆದರೆ ಅದಕ್ಕೂ ದೊಡ್ಡ ಊದುಕುಲುಮೆ ಬೇಕು. ಇಂಗ್ಲೆಂಡಿನಲ್ಲಿ ಒಂದೇ ತುಂಡಿನ ಕಬ್ಬಿಣದ ತೋಪು ಹೊಯ್ದದ್ದು 1543ರಲ್ಲಿ. ಅಲ್ಲಿಯವರೆಗೆ ಅಲ್ಲಿನ ದೊಡ್ಡ ಕಬ್ಬಿಣದ ತೋಪುಗಳೂ ಹೀಗೇ ಪಟ್ಟಿ ಬಳೆಯವು. ಎಡಿನ್‌ಬರೋ ಕೋಟೆಯಲ್ಲಿರುವ 1449ರ ಮಾನ್ಸ್ ಮೆಗ್ ಅಂಥದ್ದೇ. ಇವುಗಳ ಅಪಾಯ ಏನೆಂದರೆ ಒಂದು ಬಳೆ ಸಡಿಲಾದರೂ ಸಾಕು. 1460ರಲ್ಲಿ ಸ್ಕಾಟ್ಲೆಂಡಿನ ದೊರೆ ಎರಡನೇ ಜೇಮ್ಸ್ ರಾಕ್ಸ್‌ಬರೋ ಮುತ್ತಿಗೆಯಲ್ಲಿ ಸತ್ತದ್ದು ವೈರಿಯ ಕೈಯಿಂದಲ್ಲ, ಪಕ್ಕದಲ್ಲಿದ್ದ ತನ್ನದೇ ತೋಪು ಸಿಡಿದು.

ಒಂದೇ ಊರು, ನಡೆದು ಹೋಗುವಷ್ಟು ದೂರ, ತೋಪು ಮಾಡುವ ಎರಡು ವಿದ್ಯೆಗಳೂ ಕಣ್ಣೆದುರು. ಒಂದು ಗಂಟೆ ಹೊಯ್ಯುವವನದು, ಇನ್ನೊಂದು ಕಮ್ಮಾರನದು. ಇದನ್ನು ಬಿಟ್ಟು ಫೋಟೋ ಹೊಡಕೋರಿ ಅಂದರೆ ಸಿಟ್ಟು ಬರುವುದಿಲ್ಲವೇ?

ಯುದ್ಧದ ಕಥೆಗಳಲ್ಲೂ ಹಾಗೇ. ನಮ್ಮ ದೇಶದಲ್ಲಿ ತೋಪು ಮೊದಲು ಗುಡುಗಿದ್ದು 1526ರ ಪಾಣಿಪತ್‌ನಲ್ಲಿ, ಬಾಬರನದು ಅಂತ ಹುಡುಗ ಒಪ್ಪಿಸಿದ. ಶಾಲೆಯಲ್ಲಿ ಕಲಿತದ್ದಿರಬೇಕು. ಅದಕ್ಕೂ ಆರು ವರ್ಷ ಮೊದಲು, 1520ರಲ್ಲಿ, ಇದೇ ವಿಜಯಪುರದ ಇಸ್ಮಾಯಿಲ್ ಆದಿಲ್ ಷಾ ಕೃಷ್ಣದೇವರಾಯನ ಮೇಲೆ ರಾಯಚೂರಿನ ಹತ್ತಿರ ತೋಪು ಹಾರಿಸಿದ್ದ! ಸ್ವಂತ ಊರಿನ ಕಥೆಯನ್ನು ಪಾಣಿಪತ್‌ಗೆ ಬಿಟ್ಟುಕೊಟ್ಟರೆ ಹೇಗೆ? ಪೋರ್ಚುಗೀಸ್ ವ್ಯಾಪಾರಿ ನೂನಿಜ್ ಅದನ್ನು ವಿವರವಾಗಿ ಬರೆದಿಟ್ಟಿದ್ದಾನೆ. ತೋಪುಗಳು ಒಮ್ಮೆಗೇ ಹಾರಿದಾಗ ರಾಯನ ಮುಂದಿನ ಸಾಲು ಮುರಿದು ಹಿಂದೆ ಓಡಿತು. ಆಮೇಲೆ ರಾಯ ಸ್ವತಃ ಎರಡನೇ ಸಾಲು ಕಟ್ಟಿಕೊಂಡು ನುಗ್ಗಿದ, ಆದಿಲ್ ಷಾನ ಸೈನ್ಯ ಕೃಷ್ಣಾ ನದಿಗೆ ಬಿತ್ತು. ಅಷ್ಟು ದೊಡ್ಡ ತೋಪಿಗೆ ಮತ್ತೆ ಮದ್ದು ತುಂಬಿ ಗುರಿ ಇಡುವಷ್ಟರಲ್ಲಿ ಕುದುರೆಗಳು ಮೈ ಮೇಲೆ ಬಂದಿರುತ್ತವೆ. ಗೆದ್ದವನಿಗೆ 400 ದೊಡ್ಡ ತೋಪು ಸಿಕ್ಕವು ಅಂತ ನೂನಿಜ್ ಬರೆಯುತ್ತಾನೆ. ರಾಯಚೂರು ಕೋಟೆ ಬಿದ್ದದ್ದು ಇನ್ನೂ ಸ್ವಾರಸ್ಯ. ಜನ ಹಾರೆ ಹಿಡಿದು ಗೋಡೆಯ ಬುಡದ ಕಲ್ಲು ಕೀಳುತ್ತಿದ್ದರು, ರಾಯ ಕಲ್ಲಿನ ಲೆಕ್ಕದಲ್ಲಿ ದುಡ್ಡು ಕೊಡುತ್ತಿದ್ದ. ಬುಡದಲ್ಲಿದ್ದವರಿಗೆ ಮೇಲಿನ ತೋಪು ತಾಗುವಂತಿರಲಿಲ್ಲ. ಗೋಡೆಯ ಮೇಲೆ ತಲೆ ಎತ್ತಿದವರನ್ನು ಫಿಗುಯೆರೆದೊ ಅನ್ನುವ ಪೋರ್ಚುಗೀಸನ ಕೋವಿಯವರು ಹೊಡೆಯುತ್ತಿದ್ದರು.

ಇನ್ನೊಂದು, 1565ರ ರಕ್ಕಸತಂಗಡಿ ಯುದ್ಧದಲ್ಲಿ ಮಲಿಕ್-ಎ-ಮೈದಾನ್ ಹಾರಿತ್ತು ಅನ್ನುವುದು. ಎಲ್ಲರೂ ಹೇಳುತ್ತಾರೆ, ಬೋರ್ಡುಗಳಲ್ಲೂ ಕಾಣುತ್ತದೆ. ನನ್ನಂಥ ಕೆಲಸದವನಿಗೆ ನಂಬುವುದು ಕಷ್ಟ. 55 ಟನ್ನನ್ನು ಎರೆಹೊಲದಲ್ಲಿ ಎಳೆದು, ಹೊಳೆಯ ಹತ್ತಿರ ತಂದು, ಯುದ್ಧದ ನಡುವೆ ತಿರುಗಿಸಿ ಗುರಿ ಇಡುವುದೆಂದರೆ ಹುಡುಗಾಟವೇ? ಅಂದು ಕೆಲಸ ಮಾಡಿದ್ದು ನಿಜಾಮ್ ಷಾನ ಆರುನೂರು ತೋಪು, ದೊಡ್ಡವು ಮುಂದೆ, ಸಣ್ಣವು ಹಿಂದೆ, ಮೂರು ಸಾಲು. ತೀರಾ ಹತ್ತಿರ ಬಂದವರ ಮೇಲೆ ಗುಂಡಿನ ಬದಲು ತಾಮ್ರದ ಕಾಸಿನ ಚೀಲ ತುಂಬಿ ಹಾರಿಸಿದರು ಅಂತ ಇತಿಹಾಸಕಾರ ಫೆರಿಷ್ತಾ ಬರೆದಿದ್ದಾನೆ. ಅವನು ಮುಂದೆ ಇದೇ ಊರಿನ ಆಸ್ಥಾನದಲ್ಲಿದ್ದವನು. ಕಾಸಿನ ಕಥೆ ಕೇಳಿ ಹುಡುಗ ಕಣ್ಣರಳಿಸಿದ. "ಇದನ್ನ ಇವತ್ತಿನಿಂದ ಹೇಳತೇನ್ರಿ" ಅಂದ.

ಇನ್ನು ಸಣ್ಣಪುಟ್ಟ ತಕರಾರು. ನಡುವೆ ಕೇಳದೆಯೇ ಇಳಕಲ್ ಸೀರೆ ಅಂಗಡಿಗೆ ಕರೆದೊಯ್ದರು, 35 ನಿಮಿಷ ಹೋಯಿತು. ಕಮಿಷನ್ ಇರಬೇಕು, ಇರಲಿ, ಮೊದಲೇ ಹೇಳಬಹುದಿತ್ತು. ಹೆಂಡತಿ ಒಂದು ಕೊಂಡಳು, ಹಾಗಾಗಿ ಜಾಸ್ತಿ ಮಾತಾಡುವ ಹಾಗಿಲ್ಲ. ಆ ಅರ್ಧ ಗಂಟೆಯಿಂದಾಗಿ ಲಂಡಾ ಕಸಬ್ ಬುರುಜಿನ 21 ಅಡಿ ತೋಪು ತಪ್ಪಿಹೋಯಿತು. ಪಟ್ಟಿಯಲ್ಲಿ ಇತ್ತು, ತೋರಿಸಲಿಲ್ಲ. ಕುಡಿಯುವ ನೀರು ನೀವೇ ಒಯ್ಯಿರಿ. ಉಪ್ಪಲಿ ಬುರುಜಿಗೆ ಹತ್ತು ಗಂಟೆಯೊಳಗೆ ಹೋಗಿ, ಆಮೇಲೆ ಮೇಲೆ ನೆರಳಿಲ್ಲ. ಮಧ್ಯಾಹ್ನ ಅವರೇ ತೋರಿಸಿದ ಖಾನಾವಳಿಯಲ್ಲಿ ಜೋಳದ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಚಟ್ನಿ ತುಂಬಾ ಚೆನ್ನಾಗಿತ್ತು.

ಒಟ್ಟು ಐದಕ್ಕೆ ಮೂರೂವರೆ. ಕುದುರೆ, ಸಮಯ, ಮರ್ಯಾದೆ ಎಲ್ಲಾ ಸರಿ. ಕಥೆ ರಿಪೇರಿ ಆಗಬೇಕು.

ಬಾಕಿ 900 ಕೊಡುವಾಗ ಹುಡುಗ ತಲೆ ಕೆರೆದುಕೊಳ್ಳುತ್ತಾ ನಿಂತ. ಟಿಪ್ಸ್ ಕೇಳುತ್ತಾನೆ ಅಂದುಕೊಂಡೆ. ಅವನು ಕೇಳಿದ್ದು ಆಯಸ್ಕಾಂತ. ಗೊಂಚಲಿನಿಂದ ಬಿಡಿಸಿ ಕೊಟ್ಟೆ. ಮರುದಿನ ನಾವು ಬೆಳಗಾವಿ ಬಸ್ಸಿನಲ್ಲಿ ಕೂತಿದ್ದಾಗ ಫೋನು ಬಂತು.

"ಕಾಕಾರ, ನಾ ಲಂಡಾ ಕಸಬಕ್ಕ ಬಂದೇನ್ರಿ. ಅಂಟಿತ್ರೀ!"